ಫ್ರಾನ್ಸಿನ ದ್ರಾಕ್ಷಿ ಸೀಮೆಯಲ್ಲಿ ಒಂದು ದಿನ: ಆಲ್ಸಾಸ್, ಬರ್ಗಂಡಿ, ಸೆಂಟ್ ಎಮಿಲಿಯೋನ್, ಅವಿನ್ಯೋನ್ – ಯಾರಿಗೆ ಯಾವುದು?

ಪ್ಯಾರಿಸ್ ನೋಡಿ ಮುಗಿಸಿದ ಮೇಲೆ ಕೈಯಲ್ಲಿ ಒಂದೆರಡು ದಿನ ಉಳಿದಿರುತ್ತದೆ. ಎಲ್ಲಾದರೂ ಹಳ್ಳಿ ಕಡೆ ಹೋಗಬೇಕು, ದ್ರಾಕ್ಷಿ ತೋಟ ನೋಡಬೇಕು, ಮಧ್ಯಯುಗದ ಕಲ್ಲಿನ ಬೀದಿಗಳಲ್ಲಿ ಓಡಾಡಬೇಕು ಅಂತ ಅನ್ನಿಸುತ್ತದೆ. ಎಂಟು ಜನರ ವ್ಯಾನಿನ ಒಂದು ದಿನದ ಪ್ರವಾಸಗಳು ಇದಕ್ಕೆಂದೇ ಇವೆ. ತೊಂದರೆ ಏನೆಂದರೆ, ಹುಡುಕಲು ಕೂತರೆ ಎಲ್ಲವೂ ಒಂದೇ ತರಹ ಕಾಣುತ್ತವೆ. ಮೂರು ಹಳ್ಳಿ, ಎರಡು ವೈನ್ ಮನೆ, ಹೋಟೆಲಿನಿಂದ ಪಿಕಪ್, ಊಟದ ಖರ್ಚು ನಿಮ್ಮದು. ಫೋಟೋಗಳೂ ಒಂದಕ್ಕಿಂತ ಒಂದು ಚಂದ.

ನಾನು ಫ್ರಾನ್ಸಿನಲ್ಲೇ ಇರುವುದರಿಂದ ಊರಿಂದ ಬಂದ ನೆಂಟರನ್ನು, ಸ್ನೇಹಿತರನ್ನು ಈ ಸೀಮೆಗಳಿಗೆ ಕರೆದುಕೊಂಡು ಹೋಗುವುದು ಇದ್ದೇ ಇರುತ್ತದೆ. ಆ ಅನುಭವದಿಂದ ಮೊದಲೇ ಹೇಳಿಬಿಡುತ್ತೇನೆ. ಪ್ರವಾಸ ಆರಿಸುವಾಗ ಯಾವ ವೈನ್ ಶ್ರೇಷ್ಠ ಎಂಬ ಪ್ರಶ್ನೆಯಿಂದ ಶುರು ಮಾಡಬೇಡಿ. ನಿಮ್ಮ ಜೊತೆ ಬರುವವರಲ್ಲಿ ವೈನ್ ಕುಡಿಯದವರು ಯಾರು, ಅವರಿಗೆ ಆ ದಿನ ಏನು ಸಿಗುತ್ತದೆ ಎಂಬುದನ್ನು ಮೊದಲು ನೋಡಿ. ನಮ್ಮ ಮನೆಗಳಲ್ಲಿ ಅಮ್ಮನೋ, ಮಾವನೋ, ಹದಿನೈದರ ಮಗಳೋ ಯಾರಾದರೂ ಒಬ್ಬರು ಕುಡಿಯದವರು ಇದ್ದೇ ಇರುತ್ತಾರೆ. ಉಳಿದವರು ನೆಲಮಾಳಿಗೆಯಲ್ಲಿ ನಾಲ್ಕನೇ ಗ್ಲಾಸ್ ಮೂಸುತ್ತಿರುವಾಗ ಅವರು ಬೆಂಚಿನ ಮೇಲೆ ಫೋನ್ ನೋಡುತ್ತಾ ಕೂತಿದ್ದರೆ, ಎಷ್ಟು ದೊಡ್ಡ ವೈನ್ ಆದರೂ ದಿನ ಕೆಟ್ಟ ಹಾಗೆಯೇ. ನಾಲ್ಕು ಸೀಮೆಗಳ ನಡುವಿನ ನಿಜವಾದ ವ್ಯತ್ಯಾಸ ಗೊತ್ತಾಗುವುದೂ ಇಲ್ಲಿಯೇ.

ಮೊದಲು ಗಡಿಯಾರದ ಲೆಕ್ಕ

ಗುಂಪಿನಲ್ಲಿ ಎಂಟೇ ಜನ ಇರುವುದಕ್ಕೆ ಕಾರಣ ಇದೆ. ಫ್ರಾನ್ಸಿನಲ್ಲಿ ಸಾಮಾನ್ಯ ಕಾರಿನ ಲೈಸೆನ್ಸಿನಲ್ಲಿ ಚಾಲಕನನ್ನು ಸೇರಿಸಿ ಒಂಬತ್ತು ಸೀಟಿನ ಗಾಡಿ ಓಡಿಸಬಹುದು. ಅದಕ್ಕಿಂತ ದೊಡ್ಡದಾದರೆ ಬಸ್ಸಿನ ಲೈಸೆನ್ಸ್ ಬೇಕು. ಹಾಗಾಗಿ ಹೆಚ್ಚಿನ ಕಡೆ ಚಾಲಕರೇ ಗೈಡ್. ಇದರಿಂದ ನಮಗೆ ಲಾಭವೇ ಜಾಸ್ತಿ. ತೋಟದ ನಡುವಿನ ಸಣ್ಣ ರಸ್ತೆಗಳಿಗೆ ವ್ಯಾನ್ ನುಗ್ಗುತ್ತದೆ, ಬೇಕಾದಲ್ಲಿ ನಿಲ್ಲುತ್ತದೆ. ಆದರೆ ಗಾಡಿ ಓಡಿಸುವಾಗ ಹೇಳುವ ಕಥೆ ಹಿಂದಿನ ಸೀಟಿಗೆ ಅರ್ಧ ಮಾತ್ರ ಕೇಳಿಸುತ್ತದೆ. ಕಿವಿ ಸ್ವಲ್ಪ ಮಂದ ಇರುವ ಹಿರಿಯರಿದ್ದರೆ ಅವರನ್ನು ಮುಂದೆ ಕೂರಿಸಿ.

ಬೆಳಿಗ್ಗೆ 9ಕ್ಕೆ ಹೊರಟು ಸಂಜೆ 5.30ಕ್ಕೆ ವಾಪಸ್ ಅಂದುಕೊಳ್ಳಿ. ಎಂಟೂವರೆ ಗಂಟೆ. ಅದರಲ್ಲಿ ಪ್ರಯಾಣಕ್ಕೇ ಎರಡು ಗಂಟೆ. ಊಟಕ್ಕೆ ಒಂದೂವರೆ ಗಂಟೆ, ಅದಕ್ಕಿಂತ ಬೇಗ ಫ್ರೆಂಚರ ಹೋಟೆಲಿನಿಂದ ಎದ್ದು ಬರಲು ಆಗುವುದಿಲ್ಲ. ಎರಡು ಕಡೆ ವೈನ್ ರುಚಿ ನೋಡಲು ತಲಾ ಒಂದು ಗಂಟೆ. ಉಳಿದದ್ದು ಮೂರು ಗಂಟೆ. ಇದನ್ನು ನಾಲ್ಕು ಊರಿಗೆ ಹಂಚಿದರೆ ಊರಿಗೆ ಮುಕ್ಕಾಲು ಗಂಟೆ. ಪಾರ್ಕಿಂಗಿನಿಂದ ನಡೆದು, ಶೌಚಾಲಯ ಹುಡುಕಿ, ಒಂದು ಫೋಟೋ ತೆಗೆಯುವಷ್ಟರಲ್ಲಿ ಅದು ಮುಗಿದಿರುತ್ತದೆ. ಎರಡೇ ಊರು ತೋರಿಸುತ್ತೇವೆ ಎನ್ನುವವರು ಕಡಿಮೆ ಕೊಡುತ್ತಿದ್ದಾರೆ ಅಂತ ಅಂದುಕೊಳ್ಳಬೇಡಿ. ನಾನಂತೂ ಅಂಥವರನ್ನೇ ಹುಡುಕುತ್ತೇನೆ.

ಆಲ್ಸಾಸ್: ಮನೆಮಂದಿಯೆಲ್ಲ ಹೊರಟರೆ

ಫ್ರಾನ್ಸಿನ ಪೂರ್ವದ ಅಂಚು. ರೈನ್ ನದಿ ದಾಟಿದರೆ ಜರ್ಮನಿ. 1871ರಿಂದ 1918ರವರೆಗೆ ಈ ಸೀಮೆ ಜರ್ಮನಿಯ ಕೈಯಲ್ಲಿತ್ತು, ಎರಡನೇ ಮಹಾಯುದ್ಧದಲ್ಲಿ ಮತ್ತೆ ಹೋಗಿ ಬಂತು. ಊರುಗಳ ಹೆಸರು, ಮನೆಗಳ ಮರದ ಚೌಕಟ್ಟು, ತಟ್ಟೆಯ ಮೇಲಿನ ಊಟ, ಎಲ್ಲದರಲ್ಲೂ ಎರಡೂ ದೇಶ ಕಾಣುತ್ತವೆ. ಇಲ್ಲಿನ ವೈನ್ ರಸ್ತೆಯನ್ನು 1953ರಲ್ಲಿ ಗುರುತು ಮಾಡಿದರು. ಉತ್ತರದ ಮಾರ್ಲೆನ್‌ಹೈಮ್‌ನಿಂದ ದಕ್ಷಿಣದ ಥಾನ್‌ವರೆಗೆ ಸುಮಾರು 170 ಕಿಲೋಮೀಟರ್. ಒಂದು ದಿನದಲ್ಲಿ ಇದನ್ನೆಲ್ಲ ನೋಡಲು ಆಗುವುದಿಲ್ಲ, ನೋಡಬೇಕಾಗಿಯೂ ಇಲ್ಲ. ಕೊಲ್ಮಾರ್ ಸುತ್ತಲಿನ ಚಿಕ್ಕ ತುಂಡು ಸಾಕು.

ಪಶ್ಚಿಮ ಘಟ್ಟ ಮಳೆ ಮೋಡಗಳನ್ನು ತಡೆದು ನಮ್ಮ ವಿಜಯಪುರದ ಕಡೆ ಒಣ ಹವೆ ಉಳಿಸುವ ಹಾಗೆ, ಇಲ್ಲಿ ವೋಜ್ ಬೆಟ್ಟಸಾಲು ಮಳೆಯನ್ನು ಆಚೆಯೇ ಸುರಿಸಿಬಿಡುತ್ತದೆ. ಹಾಗಾಗಿ ಕೊಲ್ಮಾರ್ ಫ್ರಾನ್ಸಿನಲ್ಲೇ ಕಡಿಮೆ ಮಳೆ ಬೀಳುವ ಊರುಗಳಲ್ಲಿ ಒಂದು. ದ್ರಾಕ್ಷಿಗೂ ಒಳ್ಳೆಯದು, ನಿಮ್ಮ ಪ್ರವಾಸಕ್ಕೂ ಒಳ್ಳೆಯದು.

ಊರುಗಳಲ್ಲಿ ನನಗೆ ತುಂಬಾ ಇಷ್ಟವಾದದ್ದು ಎಗಿಸ್‌ಹೈಮ್. ನಡುವೆ ಚೌಕ, ಕಾರಂಜಿ. ಅದರ ಸುತ್ತ ಮನೆಗಳು ವೃತ್ತ ವೃತ್ತವಾಗಿ ಕಟ್ಟಿಕೊಂಡಿವೆ. ಹಳೆಯ ಕೋಟೆಗೋಡೆಯ ಗುಂಟ ಹೋಗುವ ಬೀದಿಗೆ ಇಳಿದರೆ, ಎರಡೂ ಕಡೆಯ ಮನೆಗಳು ಮೇಲೆ ಮೇಲೆ ಹೋದಂತೆ ಒಂದಕ್ಕೊಂದು ಬಾಗಿದ ಹಾಗೆ ಕಾಣುತ್ತವೆ. ಒಂದು ಗೋಡೆ ನೀಲಿ, ಪಕ್ಕದ್ದು ಸಾಸಿವೆ ಹಳದಿ, ಅದರಾಚೆ ಮಾಸಿದ ಕೆಂಪು. ಕಿಟಕಿ ಕಿಟಕಿಗೂ ಜಿರೇನಿಯಂ ಹೂವಿನ ಕುಂಡ. ದಾರಿ ಎರಡಾಗಿ ಒಡೆಯುವ ಕಡೆ ಹಡಗಿನ ಮೂತಿಯಂತೆ ಚೂಪಾಗಿ ನಿಂತ ಒಂದು ಮನೆ ಇದೆ. ಎಲ್ಲರೂ ಫೋಟೋ ತೆಗೆಯುವುದು ಅಲ್ಲೇ. ಚಾವಣಿಗಳ ಮೇಲೆ ಬಿಳಿ ಕೊಕ್ಕರೆಗಳ ಗೂಡು ಕಾಣುತ್ತದೆ, ಬುಟ್ಟಿಯಷ್ಟು ದೊಡ್ಡ ಕಡ್ಡಿ ರಾಶಿ. ಊರು ಬಹುತೇಕ ಸಮತಟ್ಟು. ಮಂಡಿ ನೋವಿನವರೂ ಆರಾಮಾಗಿ ಒಂದು ಸುತ್ತು ಹಾಕಬಹುದು.

ರಿಕ್‌ವೀರ್ ಇದಕ್ಕಿಂತ ಹೆಸರುವಾಸಿ. 1291ರಲ್ಲಿ ಕಟ್ಟಿದ ದೋಲ್ದರ್ ಗೋಪುರದವರೆಗೆ ಒಂದೇ ಮುಖ್ಯ ಬೀದಿ ಏರುತ್ತಾ ಹೋಗುತ್ತದೆ. ಮಧ್ಯಾಹ್ನ ಅಲ್ಲಿ ಕಾಲಿಡಲು ಜಾಗ ಇರುವುದಿಲ್ಲ. ಬೆಳಿಗ್ಗೆ ಹತ್ತಕ್ಕೆ ಮೊದಲು ಅಲ್ಲಿಗೆ ಕರೆದುಕೊಂಡು ಹೋಗುವ ಪ್ರವಾಸ ಸಿಕ್ಕರೆ ಬಿಡಬೇಡಿ. ಕೈಸರ್ಸ್‌ಬೆರ್ಗ್‌ನಲ್ಲಿ ಕಾವಲು ಗೋಡೆ ಇರುವ ಕಲ್ಲಿನ ಸೇತುವೆ, ಮೇಲೆ ಪಾಳುಬಿದ್ದ ಕೋಟೆ. ಆಫ್ರಿಕಾದಲ್ಲಿ ಆಸ್ಪತ್ರೆ ನಡೆಸಿ ನೊಬೆಲ್ ಶಾಂತಿ ಪ್ರಶಸ್ತಿ ಪಡೆದ ವೈದ್ಯ ಆಲ್ಬರ್ಟ್ ಶ್ವೈಟ್ಜರ್ 1875ರಲ್ಲಿ ಹುಟ್ಟಿದ್ದು ಈ ಊರಲ್ಲಿ. ಹತ್ತಿರದ ಬೆನ್‌ವೀರ್ ದಾಟುವಾಗ ಮನೆಗಳೆಲ್ಲ ಹೊಸದಾಗಿ ಕಂಡರೆ ಆಶ್ಚರ್ಯ ಬೇಡ. 1944ರ ಕೊನೆಯ ಕಾಳಗದಲ್ಲಿ ಆ ಊರು ನೆಲಸಮವಾಗಿತ್ತು. ಪಕ್ಕದ ಊರುಗಳು ಉಳಿದದ್ದು ಎಷ್ಟು ದೊಡ್ಡ ಅದೃಷ್ಟ ಅಂತ ಅಲ್ಲಿ ಗೊತ್ತಾಗುತ್ತದೆ.

ಈಗ ಮುಖ್ಯ ಮಾತು. ಆಲ್ಸಾಸ್‌ನಲ್ಲಿ ಎಷ್ಟೋ ವೈನ್ ಮನೆಗಳು ಊರ ಬೀದಿಯಲ್ಲೇ ಇವೆ. ನೀವು ಒಳಗೆ ರುಚಿ ನೋಡುವ ಹೊತ್ತಿನಲ್ಲಿ ಕುಡಿಯದವರು ಬಾಗಿಲಿನಿಂದ ಹೊರಬಂದರೆ ಸಾಕು, ಊರೇ ಅವರದು. ದ್ರಾಕ್ಷಿ ರಸ ಇಟ್ಟಿರುವ ಮನೆಗಳೂ ಇವೆ, ಕೇಳಿ. ವೈನ್ ಹೊಸದಾಗಿ ಕುಡಿಯುವವರಿಗೂ ಇದು ಒಳ್ಳೆಯ ಜಾಗ. ಹೆಚ್ಚಿನವು ಬಿಳಿ ವೈನ್, ಬಾಟಲಿಯ ಮೇಲೆ ದ್ರಾಕ್ಷಿಯ ಹೆಸರೇ ಬರೆದಿರುತ್ತದೆ: ರೀಸ್ಲಿಂಗ್, ಪಿನೋ ಗ್ರಿ, ಗೆವುರ್ಟ್ಸ್‌ಟ್ರಾಮಿನರ್. ಕೊನೆಯದಕ್ಕೆ ಗುಲಾಬಿ, ಲಿಚಿ ಹಣ್ಣಿನ ಪರಿಮಳ. ನಮ್ಮ ಮಸಾಲೆ ಅಡುಗೆಯ ಜೊತೆಗೂ ಇದು ಹೊಂದುತ್ತದೆ. ಕೆಲವು ತುಂಬಾ ಸಿಹಿ, ಕೆಲವು ಸಿಹಿಯೇ ಇಲ್ಲ. ಸಿಹಿ ಬೇಡವೆಂದರೆ 'ಸೆಕ್' ಅಂತ ಕೇಳಿ.

ಊಟದಲ್ಲಿ ಹಂದಿ ಮಾಂಸ ಎಲ್ಲೆಲ್ಲೂ ಇದೆ. ಸಸ್ಯಾಹಾರಿಗಳಿಗೆ ದಾರಿ ತೋರಿಸುವುದು ತಾರ್ತ್ ಫ್ಲಾಂಬೆ. ತೆಳ್ಳಗೆ ಲಟ್ಟಿಸಿದ ಹಿಟ್ಟಿನ ಮೇಲೆ ಕೆನೆ, ಈರುಳ್ಳಿ ಹಾಕಿ ಉರಿಯುವ ಒಲೆಯಲ್ಲಿ ಬೇಯಿಸುತ್ತಾರೆ. ಅಂಚು ಕಪ್ಪಗೆ ಕರಕಲಾಗಿ ಗರಿಗರಿ ಆಗಿರುತ್ತದೆ. ಮಾಮೂಲಿಯಾಗಿ ಅದರ ಮೇಲೆ ಬೇಕನ್ ಚೂರು ಇರುತ್ತದೆ. 'ಸಾಂ ಲಾರ್ದೋಂ' ಅಂದರೆ ಅದನ್ನು ಬಿಟ್ಟು ಮಾಡಿಕೊಡುತ್ತಾರೆ.

ಡಿಸೆಂಬರ್ ಬಗ್ಗೆ ಒಂದು ಎಚ್ಚರಿಕೆ. ಕ್ರಿಸ್‌ಮಸ್ ಸಂತೆ ಬಹಳ ಚಂದ, ನಿಜ. ಆದರೆ ಆ ವಾರಾಂತ್ಯಗಳಲ್ಲಿ ನೀವು ಸಂತೆ ನೋಡುತ್ತೀರಿ, ಊರು ನೋಡುವುದಿಲ್ಲ. ಹೋಗುವುದಾದರೆ ವಾರದ ನಡುವೆ ಹೋಗಿ.

ಬರ್ಗಂಡಿ: ವೈನ್ ನಿಜವಾಗಿ ಇಷ್ಟಪಡುವವರಿಗೆ

ಡಿಜೋನ್‌ನಿಂದ ದಕ್ಷಿಣಕ್ಕೆ ಸಾಂತೆನೆವರೆಗೆ ಸುಮಾರು 60 ಕಿಲೋಮೀಟರ್. ಗ್ರಾಂ ಕ್ರು ರಸ್ತೆ ಅನ್ನುತ್ತಾರೆ, ಗ್ರಾಂ ಕ್ರು ಅಂದರೆ ಅತಿ ಮೇಲಿನ ದರ್ಜೆಯ ತೋಟ. ನಕ್ಷೆಯಲ್ಲಿ ನೋಡಿದರೆ ಪ್ರಪಂಚದ ಅತಿ ದುಬಾರಿ ವೈನ್‌ಗಳ ಹೆಸರೆಲ್ಲ ಇಲ್ಲಿ ಊರ ಹೆಸರುಗಳು: ಜೆವ್ರೆ ಶಾಂಬರ್ತಾನ್, ವೋನ್ ರೊಮಾನೆ, ಪೊಮಾರ್, ಮರ್ಸೋ. ಕೆಂಪಿಗೆ ಪಿನೋ ನ್ವಾರ್, ಬಿಳಿಗೆ ಶಾರ್ಡೊನೇ. ಮುಖ್ಯವಾಗಿ ಎರಡೇ ದ್ರಾಕ್ಷಿ, ಆದರೂ ನೂರಾರು ರುಚಿ. ಈ ತೋಟದ ತುಂಡುಗಳನ್ನು 2015ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು.

ಒಳ್ಳೆಯ ಗೈಡ್ ಇಲ್ಲಿ ಮಾಡುವ ಮೊದಲ ಕೆಲಸ ವ್ಯಾನನ್ನು ತೋಟದ ನಡುವೆ ನಿಲ್ಲಿಸಿ ಇಳಿಸುವುದು. ಕೆಳಗೆ ಹೆದ್ದಾರಿ, ಮೇಲೆ ಕಾಡಿನ ಅಂಚು, ನಡುವೆ ಇಳಿಜಾರು. ಅತಿ ಮೇಲೆ ಮಣ್ಣು ತೆಳುವು, ತಂಪು. ಅತಿ ಕೆಳಗೆ ಮಣ್ಣು ದಪ್ಪ, ನೀರು ನಿಲ್ಲುತ್ತದೆ. ನಡುವಿನ ಪಟ್ಟಿಯಲ್ಲಿ ಬಿಸಿಲು, ಸುಣ್ಣಕಲ್ಲು, ನೀರು ಬಸಿಯುವುದು ಎಲ್ಲ ಸರಿಯಾಗಿ ಕೂಡುತ್ತದೆ. ಗ್ರಾಂ ಕ್ರು ತೋಟಗಳು ಹೆಚ್ಚಾಗಿ ಅಲ್ಲೇ ಇವೆ. ಹತ್ತು ನಿಮಿಷ ಕೆಳಕ್ಕೆ ನಡೆದರೆ ಬಾಟಲಿಯ ಬೆಲೆ ಎಷ್ಟೋ ಪಟ್ಟು ಇಳಿದಿರುತ್ತದೆ. ರೊಮಾನೆ ಕೋಂತಿ ತೋಟ ಪೂರ್ತಿ ಸೇರಿ 1.8 ಹೆಕ್ಟೇರ್, ಅಂದರೆ ನಾಲ್ಕೂವರೆ ಎಕರೆ. ಮೊಣಕಾಲೆತ್ತರದ ಕಲ್ಲುಗೋಡೆ, ಒಂದು ಕಲ್ಲಿನ ಶಿಲುಬೆ, ಒಳಗೆ ಕಾಲಿಡಬೇಡಿ ಅಂತ ಕೇಳಿಕೊಳ್ಳುವ ಫಲಕ. ಅಷ್ಟೇ. ಒಂದು ಬಾಟಲಿಗೆ ಲಕ್ಷಗಟ್ಟಲೆ ರೂಪಾಯಿ.

ಕ್ಲೋ ದ ವೂಜೊ ನೋಡಿದರೆ ಇಲ್ಲಿನ ಇತಿಹಾಸ ಪೂರ್ತಿ ಅರ್ಥವಾಗುತ್ತದೆ. 12ನೇ ಶತಮಾನದಲ್ಲಿ ಸೀತೋ ಮಠದ ಸನ್ಯಾಸಿಗಳು ಬೆಳೆಸಲು ಶುರು ಮಾಡಿದ ತೋಟ. ಸುತ್ತ ಗೋಡೆ, ಒಳಗೆ ಸುಮಾರು 50 ಹೆಕ್ಟೇರ್. ಫ್ರೆಂಚ್ ಕ್ರಾಂತಿಯಲ್ಲಿ ಮಠದ ಆಸ್ತಿ ಸರ್ಕಾರದ ಪಾಲಾಯಿತು, ಹರಾಜಾಯಿತು. ಆಮೇಲೆ ಮಕ್ಕಳಿಗೆಲ್ಲ ಪಾಲು ಕೊಡಬೇಕೆಂಬ ಕಾನೂನಿನಿಂದ ಬರ್ಗಂಡಿಯ ತೋಟಗಳು ತುಂಡಾಗುತ್ತಾ ಹೋದವು. ಈಗ ಈ ಒಂದು ಗೋಡೆಯೊಳಗೆ ಎಂಬತ್ತರಷ್ಟು ಮಾಲೀಕರಿದ್ದಾರೆ. ಜಮೀನು ಪಾಲಾಗುವುದನ್ನು ಕಂಡಿರುವ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ, ಅಲ್ವಾ?

ಆದರೆ ಒಂದು ವಿಷಯ ಗೊತ್ತಿರಲಿ. ಈ ಊರುಗಳು ಚಿತ್ರದಂಥ ಊರುಗಳಲ್ಲ. ದುಡಿಯುವ ವೈನ್ ಊರುಗಳು. ಎತ್ತರದ ಗೋಡೆ, ಮುಚ್ಚಿದ ಗೇಟು, ಬೀದಿಯಲ್ಲಿ ಒಂದು ಟ್ರ್ಯಾಕ್ಟರ್. ಬಣ್ಣದ ಮನೆ ಹುಡುಕಿಕೊಂಡು ಬಂದವರಿಗೆ ನಿರಾಸೆ ಖಂಡಿತ. ಕುಡಿಯದವರಿಗೆ ಇಡೀ ದಿನ ಈ ಊರುಗಳಲ್ಲೇ ಕಳೆಯುವುದು ಕಷ್ಟ.

ಅವರನ್ನು ಕಾಪಾಡುವುದು ಬೋನ್ ಪಟ್ಟಣ. ಅಲ್ಲಿನ ಓಸ್ಪಿಸ್ ಎಂಬ ಹಳೆಯ ಆಸ್ಪತ್ರೆಯನ್ನು 1443ರಲ್ಲಿ ನಿಕೊಲಾ ರೊಲಾನ್ ಎಂಬ ಮಂತ್ರಿ ಕಟ್ಟಿಸಿದರು. ನೂರು ವರ್ಷಗಳ ಯುದ್ಧದಿಂದ ಜನ ಬಡವಾಗಿದ್ದ ಕಾಲ ಅದು. ಅಂಗಳಕ್ಕೆ ಕಾಲಿಟ್ಟರೆ ಕೆಂಪು, ಹಳದಿ, ಹಸಿರು ಹೆಂಚುಗಳಲ್ಲಿ ನೇಯ್ದಂಥ ಚಾವಣಿ ಹೊಳೆಯುತ್ತದೆ. ಒಳಗೆ ಉದ್ದನೆಯ ದೊಡ್ಡ ಹಜಾರ. ಎರಡೂ ಕಡೆ ಸಾಲಾಗಿ ಮರದ ಹಾಸಿಗೆಗಳು, ಒಂದೊಂದಕ್ಕೂ ಕೆಂಪು ಪರದೆ. ಹಜಾರದ ತುದಿಯಲ್ಲೇ ಪ್ರಾರ್ಥನಾ ಮಂದಿರ, ರೋಗಿಗಳು ಮಲಗಿದಲ್ಲಿಂದಲೇ ಪೂಜೆ ಕೇಳಬೇಕು ಅಂತ. ರೋಗಿಯರ್ ವಾನ್ ಡೆರ್ ವೇಡನ್ ಎಂಬ ಹಳೆಯ ಕಲಾವಿದರು ಬರೆದ ಅಂತಿಮ ತೀರ್ಪಿನ ಚಿತ್ರವೂ ಇಲ್ಲೇ ಇದೆ. ಈ ಕಟ್ಟಡದಲ್ಲಿ 1971ರವರೆಗೂ ರೋಗಿಗಳನ್ನು ನೋಡುತ್ತಿದ್ದರು. ಶತಮಾನಗಳಿಂದ ಜನ ದಾನ ಕೊಟ್ಟ ದ್ರಾಕ್ಷಿ ತೋಟಗಳು ಈ ಸಂಸ್ಥೆಗಿವೆ. ಅವುಗಳ ವೈನ್ 1859ರಿಂದ ಪ್ರತಿ ನವೆಂಬರ್ ಮೂರನೇ ಭಾನುವಾರ ಹರಾಜಾಗುತ್ತದೆ. ವೈನಿನ ದುಡ್ಡು ಬಡವರ ಔಷಧಿಗೆ ಹೋದ ಈ ಕಥೆ ಕುಡಿಯದ ಅಮ್ಮನಿಗೂ ಹಿಡಿಸುತ್ತದೆ. ಬೋನ್‌ನಲ್ಲಿ ಕನಿಷ್ಠ ಎರಡು ಗಂಟೆ ಕೊಡದ ಬರ್ಗಂಡಿ ಪ್ರವಾಸವನ್ನು ಕುಟುಂಬದ ಜೊತೆ ತೆಗೆದುಕೊಳ್ಳಬೇಡಿ.

ವೈನ್‌ಗಾಗಿಯೇ ಹೋಗುವವರು ಕೇಳಬೇಕಾದ ಪ್ರಶ್ನೆ ಬೇರೆ. ಬರ್ಗಂಡಿಯಲ್ಲಿ ನಾಲ್ಕು ಮೆಟ್ಟಿಲು: ಸೀಮೆಯ ವೈನ್, ಊರಿನ ವೈನ್, ಪ್ರೀಮಿಯೇ ಕ್ರು, ಗ್ರಾಂ ಕ್ರು. ಗ್ಲಾಸಿಗೆ ಯಾವ ಮೆಟ್ಟಿಲಿನದು ಬೀಳುತ್ತದೆ ಅಂತ ಮೊದಲೇ ಕೇಳಿ. ಗ್ರಾಂ ಕ್ರು ರಸ್ತೆಯಲ್ಲಿ ಸುತ್ತಾಡಿಸಿ ಸೀಮೆಯ ವೈನ್ ಮಾತ್ರ ಸುರಿಯುವ ಪ್ರವಾಸವೂ ಇರುತ್ತದೆ. ಗ್ರಾಂ ಕ್ರು ಒಂದಾದರೂ ಬೇಕೆಂದರೆ ಬೆಲೆ ಏರುತ್ತದೆ, ಆದರೆ ಆ ಇಳಿಜಾರನ್ನು ನೋಡಿದ ದಿನವೇ ಅದರ ರುಚಿ ನೋಡುವುದಕ್ಕೆ ಬೆಲೆ ಕಟ್ಟಲಾಗದು.

ಸೆಂಟ್ ಎಮಿಲಿಯೋನ್: ಒಂದೇ ಊರು, ಪೂರ್ತಿ ಊರು

ನೈಋತ್ಯ ಫ್ರಾನ್ಸಿನ ಬೋರ್ಡೊ ನಗರದಿಂದ ಹೊರಡುವ ಪ್ರವಾಸಗಳು ಎರಡು ತರಹ. ನದಿಯ ಎಡದಂಡೆಯ ಮೆದೋಕ್‌ಗೆ ಹೋದರೆ ಅರಮನೆಯಂಥ ಶಾತೋಗಳು (ವೈನ್ ತೋಟದ ಮನೆಗಳು), ನೋಡುವಂಥ ಹಳೆಯ ಊರು ಇಲ್ಲ. ಮಧ್ಯಯುಗದ ಊರು ಬೇಕಿದ್ದರೆ ಸೆಂಟ್ ಎಮಿಲಿಯೋನ್. ದ್ರಾಕ್ಷಿ ತೋಟದ ಭೂದೃಶ್ಯವಾಗಿ ಯುನೆಸ್ಕೊ ಪಟ್ಟಿಗೆ ಮೊದಲು ಸೇರಿದ್ದು ಇದು, 1999ರಲ್ಲಿ.

ಇಲ್ಲಿ ಊರೂ ವೈನೂ ನಿಂತಿರುವುದು ಒಂದೇ ಸುಣ್ಣಕಲ್ಲಿನ ಮೇಲೆ. 8ನೇ ಶತಮಾನದಲ್ಲಿ ಫ್ರಾನ್ಸಿನ ವಾಯುವ್ಯ ಮೂಲೆಯ ಬ್ರಿಟನಿ ಕಡೆಯಿಂದ ಬಂದ ಎಮಿಲಿಯೋನ್ ಎಂಬ ಸನ್ಯಾಸಿ ಇಲ್ಲಿನ ಗುಹೆಯಲ್ಲಿ ಇದ್ದರಂತೆ. ಆಮೇಲೆ ಬೆಟ್ಟದ ಕಲ್ಲನ್ನೇ ಒಳಗಿನಿಂದ ಕೊರೆದು ಚರ್ಚ್ ಮಾಡಿದರು. ಇಟ್ಟಿಗೆ ಮೇಲೆ ಇಟ್ಟಿಗೆ ಇಟ್ಟು ಕಟ್ಟಿದ್ದಲ್ಲ, ಬಂಡೆಯನ್ನು ಕಡೆದು ತೆಗೆದದ್ದು. ಕಂಬಗಳು ಅದೇ ಬಂಡೆ. ತಲೆಯ ಮೇಲೆ ಗಂಟೆಗೋಪುರದ ಅಷ್ಟೂ ಭಾರ. ಈ ನೆಲದಡಿಯ ಭಾಗಕ್ಕೆ ಗೈಡ್ ಜೊತೆ ಮಾತ್ರ ಬಿಡುತ್ತಾರೆ. ಟಿಕೆಟ್ ಪ್ರವಾಸೋದ್ಯಮ ಕಚೇರಿಯಲ್ಲಿ ಸಿಗುತ್ತದೆ. ವ್ಯಾನಿನವರು ಊರಿಗೆ ಒಂದು ಗಂಟೆ ಕೊಟ್ಟರೆ ಇದನ್ನು ನೋಡಲು ಆಗುವುದೇ ಇಲ್ಲ. ಮಧ್ಯಾಹ್ನ ಹೊರಡುವ ಅರ್ಧ ದಿನದ ಪ್ರವಾಸಗಳ ಕೊರತೆ ಇದೇ: ಎರಡು ಶಾತೋ, ಕೊನೆಗೆ ಊರಲ್ಲಿ ಒಂದು ಓಟ.

ಬೀದಿಗಳು ಕಡಿದು. ಉರುಟು ಕಲ್ಲು ಹಾಸಿದ ಇಳಿಜಾರಿನಲ್ಲಿ ಹಿಡಿದುಕೊಳ್ಳಲು ಕಂಬಿ ಹಾಕಿದ್ದಾರೆ. ಮಳೆ ಬಂದ ದಿನ ಹಿರಿಯರನ್ನು ಅಲ್ಲಿ ಇಳಿಸಬೇಡಿ. ಮೇಲಿನ ಚೌಕದಿಂದಲೇ ಕೆಂಪು ಹೆಂಚಿನ ಚಾವಣಿಗಳೂ ಅದರಾಚೆಯ ತೋಟವೂ ಕಾಣುತ್ತವೆ.

ವೈನ್ ಇಲ್ಲಿ ಹೆಚ್ಚಾಗಿ ಮೆರ್ಲೋ, ಜೊತೆಗೆ ಕ್ಯಾಬರ್ನೆ ಫ್ರಾಂಕ್. ದರ್ಜೆಯ ಪಟ್ಟಿ 1955ರಲ್ಲಿ ಶುರುವಾಯಿತು, ಸುಮಾರು ಹತ್ತು ವರ್ಷಕ್ಕೊಮ್ಮೆ ಹೊಸದಾಗುತ್ತದೆ. 2022ರ ಪಟ್ಟಿಗೆ ಮೊದಲೇ ಓಜೋನ್, ಶವಾಲ್ ಬ್ಲಾಂ, ಆಂಜೆಲ್ಯುಸ್ ಎಂಬ ಹೆಸರಾಂತ ಶಾತೋಗಳೇ ಹೊರನಡೆದವು. ಹಾಗಾಗಿ ಪಟ್ಟಿ ನೋಡಿ ಒಳ್ಳೆಯದು ಕೆಟ್ಟದ್ದು ತೀರ್ಮಾನ ಮಾಡುವ ಹಾಗಿಲ್ಲ. ಸಣ್ಣ ಕುಟುಂಬದ ಶಾತೋಗೆ ಕರೆದುಕೊಂಡು ಹೋಗುವವರನ್ನು ಆರಿಸಿ, ಬೆಳೆದವರೇ ಎದುರು ನಿಂತು ಮಾತಾಡುತ್ತಾರೆ.

ನನ್ನ ಸಲಹೆ ಕೇಳಿದರೆ, ಇಲ್ಲಿಗೆ ವ್ಯಾನ್ ಇಲ್ಲದೆಯೂ ಹೋಗಬಹುದು. ಬೋರ್ಡೊದಿಂದ ರೈಲಿನಲ್ಲಿ ಮುಕ್ಕಾಲು ಗಂಟೆಯೂ ಇಲ್ಲ. ನಿಲ್ದಾಣದಿಂದ ಊರಿಗೆ ತೋಟಗಳ ನಡುವೆ ಇಪ್ಪತ್ತು ನಿಮಿಷದ ನಡಿಗೆ. ರೈಲುಗಳು ಕಡಿಮೆ, ವಾಪಸ್ ಬರುವ ಸಮಯ ಬರೆದಿಟ್ಟುಕೊಳ್ಳಿ. ಬೆಳಿಗ್ಗೆ ನೆಲದಡಿಯ ಚರ್ಚ್, ಮಧ್ಯಾಹ್ನ ಊರಿಗೆ ಹತ್ತಿರದ ಒಂದು ಶಾತೋ. ನಡುವೆ ಇಲ್ಲಿನ ಮಕರೂನ್ ತಿನ್ನಿ. ಪ್ಯಾರಿಸಿನ ಬಣ್ಣದ ಜೋಡಿ ಬಿಲ್ಲೆಗಳಲ್ಲ ಇವು, ಬಾದಾಮಿ, ಸಕ್ಕರೆ, ಮೊಟ್ಟೆಯ ಬಿಳಿ ಸೇರಿಸಿ ಸುಟ್ಟ ಸಾದಾ ಬಿಸ್ಕತ್ತು.

ಅವಿನ್ಯೋನ್ ಸುತ್ತ: ಬಿಸಿಲು, ಬೆಟ್ಟ, ಪೋಪರ ನೆನಪು

1309ರಿಂದ 1377ರವರೆಗೆ ಪೋಪರು ರೋಮ್ ಬಿಟ್ಟು ದಕ್ಷಿಣ ಫ್ರಾನ್ಸಿನ ಅವಿನ್ಯೋನ್‌ನಲ್ಲಿದ್ದರು. ಅವರ ಬೇಸಿಗೆ ಕೋಟೆ ಇದ್ದ ಊರು ಶಾತೋನೆಫ್ ದ್ಯು ಪಾಪ್. ಕೋಟೆಯಲ್ಲಿ ಈಗ ಉಳಿದಿರುವುದು ಒಂದು ಗೋಡೆ ಮಾತ್ರ. ಆದರೆ ಅಲ್ಲಿಂದ ರೋನ್ ನದಿ ಬಯಲು ಪೂರ್ತಿ ಕಾಣುತ್ತದೆ. ಕೆಳಗಿನ ತೋಟಗಳಲ್ಲಿ ಮಣ್ಣೇ ಕಾಣದಷ್ಟು ದುಂಡನೆಯ ಕಲ್ಲುಗಳು, ಒಂದೊಂದು ಎರಡು ಮುಷ್ಟಿ ಗಾತ್ರ. ಸಂಜೆ ಕೈಯಿಟ್ಟು ನೋಡಿ, ಇನ್ನೂ ಬಿಸಿ ಇರುತ್ತದೆ. ಹಗಲಿನ ಶಾಖವನ್ನು ರಾತ್ರಿ ದ್ರಾಕ್ಷಿಗೆ ಕೊಡುವುದು ಈ ಕಲ್ಲುಗಳೇ. ಹದಿಮೂರು ಜಾತಿಯ ದ್ರಾಕ್ಷಿ ಬೆರೆಸಲು ಇಲ್ಲಿ ಅನುಮತಿ ಇದೆ. ತಮ್ಮ ನೆಲದ ಬಗ್ಗೆ ಊರಿನವರಿಗೆ ಎಷ್ಟು ಕಾಳಜಿ ಅಂದರೆ, 1954ರಲ್ಲಿ ಹಾರುವ ತಟ್ಟೆಗಳು ತೋಟಗಳ ಮೇಲೆ ಇಳಿಯಬಾರದು ಅಂತ ಅಲ್ಲಿನ ಮೇಯರ್ ಆದೇಶವನ್ನೇ ಹೊರಡಿಸಿದ್ದರು.

ನೋಡುವ ಊರುಗಳು ಇನ್ನೂ ಸ್ವಲ್ಪ ಮುಂದೆ ಇವೆ. ಗರಗಸದ ಹಲ್ಲಿನಂಥ ದಾಂತೆಲ್ ಬೆಟ್ಟದ ಕೆಳಗೆ ಜಿಗೊಂಡಾಸ್, ಗುಡ್ಡಕ್ಕೆ ಅಂಟಿಕೊಂಡ ಸೆಗ್ಯುರೆ, ರೋಮನ್ ಸೇತುವೆ ದಾಟಿ ಹತ್ತುವ ವೇಸೋನ್‌ನ ಹಳೆಯ ಊರು. ಕುಡಿಯದವರಿಗೆ ಸೆಗ್ಯುರೆ ಒಂದೇ ಸಾಕು. ಕಲ್ಲಿನ ಕಮಾನು, ಮೆಟ್ಟಿಲು, ಕೆಳಗೆ ಹರಡಿದ ತೋಟ. ಹತ್ತಲು ಮಾತ್ರ ಕಾಲು ಗಟ್ಟಿ ಇರಬೇಕು.

ಜುಲೈ, ಆಗಸ್ಟ್‌ನಲ್ಲಿ 35 ಡಿಗ್ರಿ ದಾಟುವುದು ಮಾಮೂಲು. ಇಲ್ಲಿನ ಕೆಂಪು ವೈನಿನಲ್ಲಿ ಮದ್ಯದ ಅಂಶ ಶೇ 14ರಿಂದ 15. ಬಿಸಿಲಿಗೂ ಅದಕ್ಕೂ ಸೇರಿ ಮಧ್ಯಾಹ್ನದ ಹೊತ್ತಿಗೆ ಎಲ್ಲರೂ ಸುಸ್ತು. ಮೇ ಅಥವಾ ಅಕ್ಟೋಬರ್‌ನಲ್ಲಿ ಹೋಗಿ. ಲ್ಯಾವೆಂಡರ್ ಹೂ ಬೇಕೇ ಬೇಕೆಂದರೆ ಜೂನ್ ಕೊನೆ, ಜುಲೈ ಮೊದಲ ವಾರಗಳು. ಆಗ ವೈನ್ ರುಚಿ ನೋಡುವುದನ್ನು ಬೆಳಿಗ್ಗೆಯೇ ಮುಗಿಸುವ ಪ್ರವಾಸ ಆರಿಸಿ. ಮಿಸ್ತ್ರಾಲ್ ಎಂಬ ಉತ್ತರದ ಗಾಳಿ ಎದ್ದರೆ ಟೊಪ್ಪಿ ನಿಲ್ಲುವುದಿಲ್ಲ, ಬಿಸಿಲಿದ್ದರೂ ಒಂದು ಜಾಕೆಟ್ ಇರಲಿ.

ಶಾಂಪೇನ್ ಮತ್ತು ಬೋಜೊಲೆ

ಪ್ಯಾರಿಸಿನಿಂದ ರೈಂಸ್‌ಗೆ ರೈಲಿನಲ್ಲಿ 45 ನಿಮಿಷ. ಅದಕ್ಕೇ ಶಾಂಪೇನ್ ಪ್ರವಾಸಗಳು ಅಷ್ಟೊಂದು. ಸುಣ್ಣಕಲ್ಲಿನಲ್ಲಿ ಕೊರೆದ ತಣ್ಣನೆಯ ನೆಲಮಾಳಿಗೆಗಳೂ, ಫ್ರೆಂಚ್ ರಾಜರಿಗೆ ಪಟ್ಟ ಕಟ್ಟುತ್ತಿದ್ದ ಕೆಥೆಡ್ರಲ್ ಕೂಡ ನೋಡಲೇಬೇಕಾದವು. ಆದರೆ ಮೊದಲನೇ ಮಹಾಯುದ್ಧದಲ್ಲಿ ಈ ಸೀಮೆ ತುಂಬಾ ಹಾಳಾಯಿತು. ಮಧ್ಯಯುಗದ ಹಳ್ಳಿಗಳ ಆಸೆ ಇಟ್ಟುಕೊಂಡು ಇಲ್ಲಿಗೆ ಹೋಗಬೇಡಿ.

ಲಿಯೋನ್‌ನಲ್ಲಿ ಇರುವವರಿಗೆ ಬೋಜೊಲೆ ಹತ್ತಿರ, ಖರ್ಚೂ ಕಡಿಮೆ. ಜೇನಿನ ಬಣ್ಣದ ಕಲ್ಲಿನಲ್ಲಿ ಕಟ್ಟಿದ ವಾನ್ (ಬರೆಯುವುದು Oingt) ಎಂಬ ಗುಡ್ಡದ ಊರು ಸಂಜೆ ಬಿಸಿಲಿಗೆ ಬಲು ಚಂದ. ದ್ರಾಕ್ಷಿ ಗಾಮೇ. ಬರ್ಗಂಡಿಯ ಡ್ಯೂಕ್ 1395ರಲ್ಲಿ ತನ್ನ ಸೀಮೆಯಿಂದ ಇದನ್ನು ಕಿತ್ತುಹಾಕಲು ಆಜ್ಞೆ ಮಾಡಿದ. ಇಲ್ಲಿ ಅದು ಚೆನ್ನಾಗಿ ಬೇರೂರಿತು. ಪೆರೂಜ್ ಎಂಬ ಇನ್ನೊಂದು ಕೋಟೆ ಊರನ್ನೂ ಅದೇ ದಿನಕ್ಕೆ ಸೇರಿಸುವವರಿದ್ದಾರೆ. ಅದು ಲಿಯೋನ್‌ನ ಮತ್ತೊಂದು ದಿಕ್ಕಿಗಿದೆ. ಸುಮ್ನೆ ರಸ್ತೆಯಲ್ಲೇ ಹೊತ್ತು ಕಳೆಯುತ್ತದೆ.

ಹಾಗಾದರೆ ಯಾವುದು?

ಮೂರು ತಲೆಮಾರು ಒಟ್ಟಿಗೆ ಹೊರಟಿದ್ದರೆ ಆಲ್ಸಾಸ್. ಎರಡನೇ ಯೋಚನೆ ಬೇಡ. ವೈನ್ ಬಗ್ಗೆ ಆಸಕ್ತಿ ಇರುವ ಇಬ್ಬರೇ ಆದರೆ ಬರ್ಗಂಡಿ, ಅದಕ್ಕೆ ಸಮನಾದದ್ದು ಇನ್ನೊಂದಿಲ್ಲ. ಒಬ್ಬರು ವೈನ್ ಪ್ರಿಯರು, ಇನ್ನೊಬ್ಬರು ಇತಿಹಾಸ ಪ್ರಿಯರು ಅಂದರೆ ಸೆಂಟ್ ಎಮಿಲಿಯೋನ್. ದಕ್ಷಿಣಕ್ಕೆ ಹೇಗಿದ್ದರೂ ಹೋಗುವವರು, ನಡೆಯಲು ಇಷ್ಟಪಡುವವರು ಅವಿನ್ಯೋನ್ ಕಡೆ ನೋಡಿ.

ಪ್ಯಾರಿಸಿನಿಂದ ಬೆಳಿಗ್ಗೆ ಹೋಗಿ ರಾತ್ರಿ ವಾಪಸ್ ಬರುವ ಯೋಚನೆ ಇದ್ದರೆ ಲೆಕ್ಕ ಬದಲಾಗುತ್ತದೆ. ವೇಗದ ರೈಲಿನಲ್ಲಿ ಡಿಜೋನ್‌ಗೆ ಒಂದೂವರೆ ಗಂಟೆಗಿಂತ ಸ್ವಲ್ಪ ಜಾಸ್ತಿ, ಸ್ಟ್ರಾಸ್‌ಬರ್ಗ್‌ಗೆ ಎರಡು ಗಂಟೆಗೆ ಸ್ವಲ್ಪ ಕಡಿಮೆ, ಬೋರ್ಡೊಗೆ ಎರಡು ಗಂಟೆ ದಾಟುತ್ತದೆ, ಅವಿನ್ಯೋನ್‌ಗೆ ಎರಡೂ ಮುಕ್ಕಾಲರ ಹತ್ತಿರ. ವ್ಯಾನುಗಳು ಹೊರಡುವುದು ಒಂಬತ್ತರ ಸುಮಾರಿಗೆ. ಹಾಗಾಗಿ ಡಿಜೋನ್ ಬಿಟ್ಟು ಉಳಿದ ಕಡೆ ಹಿಂದಿನ ರಾತ್ರಿಯೇ ಹೋಗಿ ಉಳಿಯುವುದು ಮೇಲು. ಕೊಲ್ಮಾರ್‌ನಲ್ಲಿ, ಬೋನ್‌ನಲ್ಲಿ ದಿನದ ಪ್ರವಾಸಿಗರೆಲ್ಲ ಹೋದ ಮೇಲಿನ ಸಂಜೆ ನಿಮಗೆ ಹೆಚ್ಚುವರಿ ಸಿಕ್ಕ ಹಾಗೆ.

ಬುಕ್ ಮಾಡುವ ಮೊದಲು ನಡೆಸುವವರಿಗೆ ಒಂದು ಇಮೇಲ್ ಹಾಕಿ. ಒಂದೊಂದು ಊರಲ್ಲಿ ಎಷ್ಟು ನಿಮಿಷ ಬಿಡುತ್ತೀರಿ? ರುಚಿ ನೋಡುವ ದುಡ್ಡು ಸೇರಿದೆಯಾ? ಕುಡಿಯದವರಿಗೆ ಬೆಲೆ ಕಡಿಮೆ ಇದೆಯಾ? ಮಕ್ಕಳನ್ನು ಕರೆದುಕೊಳ್ಳುತ್ತೀರಾ, ಅವರಿಗೆ ತಕ್ಕ ಸೀಟು ಇದೆಯಾ? ಹತ್ತು ವರ್ಷದ ಒಳಗಿನ ಮಕ್ಕಳಿಗೆ ಅದು ಇಲ್ಲಿ ಕಡ್ಡಾಯ. ಪೂರ್ತಿ ದಿನದ ಪ್ರವಾಸಕ್ಕೆ ಸಾಮಾನ್ಯವಾಗಿ ತಲೆಗೆ 130ರಿಂದ 200 ಯೂರೋ ಆಗುತ್ತದೆ, ಬರ್ಗಂಡಿಯಲ್ಲಿ ಇನ್ನೂ ಮೇಲೆ ಹೋಗುತ್ತದೆ. ನಾಲ್ಕೈದು ಜನ ಇದ್ದರೆ ವ್ಯಾನ್ ಪೂರ್ತಿ ನಿಮಗೇ ಎಷ್ಟಾಗುತ್ತದೆ ಅಂತಲೂ ಕೇಳಿ. ವ್ಯತ್ಯಾಸ ಅಷ್ಟೊಂದು ಇರುವುದಿಲ್ಲ, ಊಟದ ಜಾಗ ನೀವೇ ಆರಿಸಬಹುದು.

ಭಾನುವಾರ, ಸೋಮವಾರ ಎಷ್ಟೋ ವೈನ್ ಮನೆ, ಹೋಟೆಲುಗಳು ಮುಚ್ಚಿರುತ್ತವೆ. ಸೆಪ್ಟೆಂಬರ್ ಕೊಯ್ಲಿನ ಸಮಯ, ತೋಟ ನೋಡಲು ಚಂದ, ಆದರೆ ಸಣ್ಣ ಮನೆಯವರಿಗೆ ಮಾತಾಡಲು ಪುರುಸೊತ್ತು ಇರುವುದಿಲ್ಲ. ಕಾರು ಬಾಡಿಗೆ ತೆಗೆದುಕೊಂಡು ನೀವೇ ಓಡಿಸುವುದಾದರೆ, ಲೀಟರ್ ರಕ್ತಕ್ಕೆ 0.5 ಗ್ರಾಂ ಮದ್ಯ ಇಲ್ಲಿನ ಮಿತಿ. ಓಡಿಸುವವರು ರುಚಿ ನೋಡದೇ ಇರುವುದೇ ಒಳ್ಳೆಯದು. ವ್ಯಾನಿನಲ್ಲಿ ಹೋದವರೂ ಎಲ್ಲ ಗ್ಲಾಸನ್ನು ಮುಗಿಸಬೇಕಾಗಿಲ್ಲ. ಮೇಜಿನ ಮೇಲೆ ಉಗುಳುವ ಪಾತ್ರೆ ಇಟ್ಟಿರುತ್ತಾರೆ. ವೈನ್ ಮಾಡುವವರೇ ಅದರಲ್ಲಿ ಉಗುಳುತ್ತಾರೆ, ಯಾರೂ ತಪ್ಪು ತಿಳಿಯುವುದಿಲ್ಲ.

ಬಾಟಲಿ ಕೊಳ್ಳುವವರು ಊರಿಗೆ ಒಯ್ಯುವ ಲೆಕ್ಕ ಮೊದಲೇ ಹಾಕಿ. ಭಾರತಕ್ಕೆ ಒಬ್ಬರು ಸುಂಕವಿಲ್ಲದೆ ತರಬಹುದಾದದ್ದು ಎರಡು ಲೀಟರ್. 750 ಮಿಲಿಲೀಟರಿನ ಬಾಟಲಿ ಎರಡು ಒಳಗೆ ಬರುತ್ತವೆ, ಮೂರನೆಯದು ಮಿತಿ ದಾಟುತ್ತದೆ. ಕೈಚೀಲದಲ್ಲಿ ಬಿಡುವುದಿಲ್ಲ, ದೊಡ್ಡ ಸೂಟ್‌ಕೇಸಿನ ನಡುವೆ ಸ್ವೆಟರ್ ಸುತ್ತಿ ಇಡಿ. ಆಲ್ಸಾಸ್‌ನ ಬಾಟಲಿ ಉದ್ದ ಜಾಸ್ತಿ, ಪೆಟ್ಟಿಗೆಯಲ್ಲಿ ಅಡ್ಡಡ್ಡ ಹಿಡಿಸುತ್ತದಾ ಅಂತ ಅಂಗಡಿಯಲ್ಲೇ ಅಂದಾಜು ಮಾಡಿಕೊಳ್ಳಿ.